ಅಂಬಿಗನ ಬೆನ್ನು

ಹೆಸರು ಬಿಟ್ಟವರು ಚಿತ್ರೋತ್ಸವದ ಸಂಘಟಕರು, ಸುಳ್ಳುಗಾರರೆನಿಸಿಕೊಂಡವರು ಕಜಿತಾನಿ. ಅದೂ ಒಂಬತ್ತು ವರ್ಷದ ಮೊಮ್ಮಗಳು ಎಮಿಯ ಬಾಯಲ್ಲಿ.

ಸ್ಯಾನ್ ಫ್ರಾನ್ಸಿಸ್ಕೋ ಬಳಿಯ ಹೇವರ್ಡಿನ ನಮ್ಮ ಅಪಾರ್ಟ್‌ಮೆಂಟಿನ ಕೆಳಗಿನ ಮನೆಯಲ್ಲಿ ಅವರು ಮಗಳ ಸಂಸಾರದೊಂದಿಗೆ ಇದ್ದರು. ಜಪಾನಿನ ಹಳೆಯ ಕಪ್ಪು-ಬಿಳುಪು ಚಿತ್ರಗಳಲ್ಲಿ ಪೋಷಕ ನಟರಾಗಿ ಬದುಕಿನ ಬಹುಭಾಗವನ್ನು ಕಳೆದವರು. ಕಳ್ಳ, ಕಾರಕೂನ, ಅರ್ಚಕ, ಕತ್ತಿಯೇಟಿಗೆ ಮೊದಲು ಉರುಳುವ ಸಿಪಾಯಿ, ಎಲ್ಲವೂ ಅವರೇ. ಎಂಬತ್ತರ ದಶಕದ ಈ ವರ್ಷಗಳಲ್ಲಿ ನಾನು ಕಂಡದ್ದು ಲಾಂಡ್ರಿ ಕೋಣೆಯಲ್ಲಿ ಹಾಸುಬಟ್ಟೆ ಮಡಚುತ್ತಿದ್ದ ಒಬ್ಬ ವೃದ್ಧರನ್ನು. ಹೆಗಲನ್ನು ತುಸು ಇಳಿಸಿದರೆ ವಯಸ್ಸು ಏರುತ್ತಿತ್ತು; ಕತ್ತನ್ನು ತುಸು ಚಾಚಿದರೆ ಬಾಡಿಗೆ ಕೇಳಲು ಬಂದ ಮನೆಯೊಡೆಯನಾಗುತ್ತಿದ್ದರು. ಹೊಸದಾಗಿ ಬಂದ ಬಾಡಿಗೆದಾರರು ಅವರನ್ನು ಇಬ್ಬರು ಬೇರೆ ಬೇರೆ ಮನುಷ್ಯರೆಂದು ತಿಳಿದದ್ದೂ ಉಂಟು.

"ಮುಖ ನಾಯಕನದು. ಉಳಿದ ಮೈಯೆಲ್ಲ ನಮ್ಮದು" ಎನ್ನುತ್ತಿದ್ದರು, ತಮ್ಮ ತುಂಡು ಇಂಗ್ಲಿಷಿನಲ್ಲಿ.

ಜಪಾನಿ ಅಂಗಡಿಯಿಂದ ತಂದ ವಿಡಿಯೋ ಕ್ಯಾಸೆಟ್ಟುಗಳನ್ನು ಭಾನುವಾರಗಳಂದು ತಾತ-ಮೊಮ್ಮಗಳೊಂದಿಗೆ ನಮ್ಮ ಮನೆಯಲ್ಲಿ ಹಾಕುತ್ತಿದ್ದೆವು. ಧಾರವಾಡದಿಂದ ಬಂದಿದ್ದ ನನ್ನ ಅತ್ತೆಗೆ ಕಥೆ ತಿಳಿಯುತ್ತಿರಲಿಲ್ಲ, ಪರದೆಯ ಮೇಲಿನ ಕಜಿತಾನಿಯವರ ಗುರುತು ಮಾತ್ರ ಸಿಗುತ್ತಿತ್ತು.

"ಅಲ್ಲ ಸುಮಾ, ಈಗಷ್ಟ ಸತ್ತಾಂವ ಪೊಲೀಸ ಆಗಿ ಹ್ಯಾಂಗ ಬಂದಾ?"

"ಎರಡೂ ಇವ್ರೇನೇ, ಅತ್ತೆ."

"ಹಂಗಾರ ನಮ್ಮ ಕಡೆ ನಾಟಕ ಕಂಪನಿ ಇದ್ದಂಗ ಬಿಡು. ಮೊದಲನೇ ಅಂಕದಾಗ ಹೆಣ, ಎರಡನೇದ್ರಾಗ ಫೌಜದಾರ. ಕೇಳು ಅವ್ರನ್ನ, ಸತ್ತ ಮ್ಯಾಲೆ ಊಟ ಹಾಕ್ತಿದ್ರೋ ಇಲ್ಲೋ?"

ನಾನು ಅನುವಾದಿಸಿದೆ. ಕಜಿತಾನಿ ಎದ್ದು ನಿಂತು ಅತ್ತೆಗೆ ಬಾಗಿ ವಂದಿಸಿದರು. "ಹೆಣಕ್ಕೆ ತಣ್ಣನೆಯ ಅನ್ನ, ಪೊಲೀಸನಿಗೆ ಬಿಸಿಯದು" ಎಂದರು.

ಎಮಿ ನಗಲಿಲ್ಲ. ಪ್ರತಿ ಪಾತ್ರದಲ್ಲೂ ಅಷ್ಟು ಬದಲಾದ ಮನುಷ್ಯ ತನ್ನ ತಾತನೇ ಎಂದು ಅವಳು ಹೇಗೆ ನಂಬಬೇಕು? ಅವಳೊಮ್ಮೆ ನಂಬಿದರೆ ಸಾಕು ಎಂಬುದೊಂದೇ ಅವರ ಆಸೆಯಾಗಿತ್ತು.

ಸ್ಯಾನ್ ಫ್ರಾನ್ಸಿಸ್ಕೋದ ಚಿತ್ರೋತ್ಸವದಲ್ಲಿ ಅವರ ಚಿತ್ರವೊಂದು ದೊಡ್ಡ ಪರದೆಯ ಮೇಲೆ ಬಂದಾಗ ಎಲ್ಲರೂ ಹೋದೆವು. ಊರಿನವರನ್ನೆಲ್ಲ ಆಚೆಯ ದಡ ಸೇರಿಸಿದ ಅಂಬಿಗ ಕೊನೆಯ ದೃಶ್ಯದಲ್ಲಿ ಒಬ್ಬನೇ ಹಿಂದಿರುಗುತ್ತಾನೆ. ಕಾಣುವುದು ಬೆನ್ನು ಮಾತ್ರ. ಸಭಾಂಗಣದಲ್ಲಿ ಮೂಗೊರೆಸಿಕೊಳ್ಳುವ ಸದ್ದು. "ಅದು ನಾನು" ಎಂದು ಕಜಿತಾನಿ ಮೊಮ್ಮಗಳ ಕಿವಿಯಲ್ಲಿ ಹೇಳಿದರು. ದೀಪ ಹತ್ತಿದೊಡನೆ ಎಮಿ ಉತ್ಸವದ ಕಿರುಹೊತ್ತಿಗೆಯ ಮೇಲೆ ಬೆರಳಾಡಿಸಿದಳು. ಅಂಬಿಗನ ಎದುರು ಬೇರೊಂದು ಹೆಸರಿತ್ತು.

"ಯು ಮೇಡ್ ಇಟ್ ಅಪ್, ಗ್ರ್ಯಾಂಡ್‌ಪಾ."

ಅವರು ನಕ್ಕರು. ಆದರೆ ಸೇತುವೆ ದಾಟಿ ಮನೆ ಮುಟ್ಟುವವರೆಗೂ ಆ ಕಿರುಹೊತ್ತಿಗೆಯನ್ನು ಮಡಚಿ ಬಿಚ್ಚುತ್ತಿದ್ದರು.

ಚಿಕ್ಕ ನಟರ ಹೆಸರನ್ನು ಪರದೆಗೆ ಹತ್ತಿಸದ ಸ್ಟುಡಿಯೋ ತಪ್ಪು ಮಾಡಿತ್ತು. ಅಮೆರಿಕದ ಪ್ರತಿಯಲ್ಲಿ ಉಳಿದ ಹೆಸರುಗಳನ್ನೂ ಕತ್ತರಿಸಿದ ವಿತರಕರು ತಪ್ಪು ಮಾಡಿದ್ದರು. ನಟ ಹೇವರ್ಡಿನಲ್ಲೇ ಇರುವಾಗ ಒಂದು ಮಾತು ವಿಚಾರಿಸದೆ ಅಚ್ಚು ಹಾಕಿಸಿದವರದ್ದು ಎಲ್ಲಕ್ಕಿಂತ ದೊಡ್ಡ ತಪ್ಪು. ಆ ಸುಳ್ಳು ಹೆಸರನ್ನು ತೆಗೆಯಿರಿ ಎಂದು ಕೇಳಲು ಕಜಿತಾನಿಯವರನ್ನೇ ಕರೆದುಕೊಂಡು ಸಂಘಟಕರ ಆಫೀಸಿಗೆ ಹೋದೆ. ಇಷ್ಟು ಸ್ಪಷ್ಟವಾಗಿದ್ದ ವಿಷಯ ಕಜಿತಾನಿ ಬಾಯಿ ತೆರೆದೊಡನೆ ಕದಡಿಹೋಯಿತು.

"ಆ ಹೆಸರು ಸುಳ್ಳಲ್ಲ. ಮುಖ ಕಾಣುವ ದೃಶ್ಯಗಳೆಲ್ಲ ಅವನವೇ, ನನ್ನ ಗೆಳೆಯನವು. ಕೊನೆಯ ದಿನ ಅವನಿಗೆ ಜ್ವರ. ಬೆಳಕು ಹೋಗುತ್ತಿತ್ತು. ಅವನ ಹುಲ್ಲಿನ ಟೋಪಿ ಹಾಕಿಕೊಂಡು ನಾನು ಹುಟ್ಟು ಹಾಕಿದೆ. ನಮ್ಮಲ್ಲಿ ಹಾಗೇ. ಒಬ್ಬ ಮಲಗಿದರೆ ಇನ್ನೊಬ್ಬ ನಿಲ್ಲುತ್ತಾನೆ, ಹೆಸರು ಮಲಗಿದವನದೇ. ನನಗಾಗಿ ಅವನೂ ನಿಂತಿದ್ದಾನೆ. ಯಾವ ಚಿತ್ರದಲ್ಲಿ ಎಂಬುದು ಈಗ ನನಗೇ ತಿಳಿಯದು."

"ಹಾಗಾದರೆ ನಮ್ಮ ಪುಸ್ತಿಕೆ ಸರಿಯಾಗಿಯೇ ಇದೆಯಲ್ಲ, ಮ್ಯಾಡಮ್?" ಎಂದರು ಸಂಘಟಕರು.

ಗೆಳೆಯನ ಹೆಸರನ್ನು ಅಳಿಸಿ ಕೊಡಿಸುವ ನ್ಯಾಯ ಎಂಥ ನ್ಯಾಯ? ಅಳಿಸದಿದ್ದರೆ ಎಮಿಯ ಕಣ್ಣಿನಲ್ಲಿ ಅವಳ ತಾತ ಏನಾಗಿ ಉಳಿಯಬೇಕು? ಅನ್ಯಾಯ ನಡೆದದ್ದು ಖಚಿತವಾಗಿತ್ತು. ಅದರ ಒಂದು ಭಾಗವನ್ನು ಅದಕ್ಕೆ ತುತ್ತಾದವರೇ ಪ್ರೀತಿಯಿಂದ ಕಾಪಾಡಿಕೊಂಡಿದ್ದರು.

ಕಾರಿನಲ್ಲಿ ಅವರೆಂದರು: "ಅವನ ಹೆಸರು ತೆಗೆಸಬೇಡಿ, ಸುಮಾ-ಸಾನ್."

"ಮತ್ತೆ ಎಮಿ?"



ನಾನು ಅವರನ್ನು ಕೊನೆಯದಾಗಿ ಕಂಡದ್ದು ಒಂದು ಸಂಜೆ, ಪಾರ್ಕಿಂಗ್ ಲಾಟಿನಲ್ಲಿ. ಎಮಿ ನನ್ನೊಂದಿಗೆ ಮೆಟ್ಟಿಲ ಮೇಲೆ ಕುಳಿತಿದ್ದಳು. ಬಟ್ಟೆಯ ಬುಟ್ಟಿಯನ್ನು ಸೊಂಟಕ್ಕಾನಿಸಿಕೊಂಡು ನಮ್ಮಿಂದ ದೂರ ನಡೆಯುತ್ತಿದ್ದ ಕಜಿತಾನಿ ನಡುವೆ ನಿಂತು, ಬುಟ್ಟಿ ಇಳಿಸಿ, ಇಲ್ಲದ ಹುಟ್ಟೊಂದನ್ನು ಹಿಡಿದು ಬಾಗಿದರು. ಕಾರುಗಳ ನಡುವೆ ಆ ಬೆನ್ನು ನಿಧಾನವಾಗಿ ಹಿಂದೆ ಮುಂದೆ ತೂಗಿತು. ಎಮಿ ಎದ್ದು ನಿಂತಳು.

"ಇಟ್ ವಾಸ್ ಹಿಮ್" ಎಂದಳು. ಆಮೇಲೆ, "ದೆನ್ ವೇರ್ ಈಸ್ ಹಿಸ್ ನೇಮ್?"

ಅದೇ ತಿಂಗಳು ಕಜಿತಾನಿ ತೀರಿಕೊಂಡರು.

ಚಿತ್ರೋತ್ಸವದ ಸಂಘಟಕರೇ, ಯಾರ ಹೆಸರನ್ನೂ ತೆಗೆಯಬೇಡಿ. ಆ ಚಿತ್ರದ ಮುಂದಿನ ಪ್ರದರ್ಶನದ ಪುಸ್ತಿಕೆಯಲ್ಲಿ ಅಂಬಿಗನ ಎದುರು ಎರಡು ಹೆಸರು ಅಚ್ಚು ಹಾಕಿಸಿ, ಎರಡನೆಯದು ಕಜಿತಾನಿಯವರದು. ಒಂದು ಪ್ರತಿಯನ್ನು ಹೇವರ್ಡಿನ ಆ ಕೆಳಗಿನ ಮನೆಗೆ ಕಳುಹಿಸಿ. ಅಲ್ಲಿ ಅದನ್ನು ಬೆರಳಿಟ್ಟು ಓದುವವಳಿದ್ದಾಳೆ.