ಸರಸ್ವತಿ ಪೂಜೆಯ ಫಿಲ್ಮ್ ಡಬ್ಬಿ

ಎಪ್ಪತ್ತರ ದಶಕ ಆಗಷ್ಟೇ ಶುರುವಾಗಿತ್ತು. ಕ್ವೀನ್ಸ್‌ನಲ್ಲಿ ನಮ್ಮ ಕೆಳಗಿನ ಅಪಾರ್ಟ್‌ಮೆಂಟಿನಲ್ಲಿ ಬಂಗಾಳಿ ಡಾಕ್ಟರೊಬ್ಬಳು ತಂದೆಯೊಂದಿಗೆ ಇದ್ದಳು. ಬಹುಬೇಗ ನನ್ನ ಗೆಳತಿಯಾದಳು. ತಂದೆ ಕಲ್ಕತ್ತೆಯ ಮೂಕಿ ಚಿತ್ರಗಳ ನಾಯಕರಂತೆ, ಆಮೇಲೆ ನಿರ್ದೇಶಕರಂತೆ. ಮೊದಲು ನಾನು ನಂಬಲಿಲ್ಲ. ಅಮೆರಿಕಕ್ಕೆ ಬಂದ ಮೇಲೆ ನಮ್ಮವರೆಲ್ಲ ಊರಲ್ಲಿ ಜಮೀನ್ದಾರರೇ ಆಗಿರುತ್ತಾರಲ್ಲ! ಆದರೆ ಶೂಟಿಂಗ್‌ನಲ್ಲಿ ಅಂಟಿಸಿದ ಮೀಸೆ ಗಂಗೆಯಲ್ಲಿ ತೇಲಿಹೋದದ್ದನ್ನು ಅವರು ಅಭಿನಯಿಸಿ ತೋರಿಸಿದ ದಿನ ನಕ್ಕು ನಕ್ಕು ಹೊಟ್ಟೆ ಹುಣ್ಣಾಯಿತು, ನಂಬಿಕೆಯೂ ಬಂತು. ಟಾಕಿ ಬಂದಾಗ ಅವರ ಕೀರಲು ದನಿ ಯಾರಿಗೂ ಬೇಡವಾಗಿ, ಕ್ಯಾಮೆರಾದ ಹಿಂದೆ ಹೋಗಿ ನಿಂತರಂತೆ.

ಅವರ ಮೊದಲ ಟಾಕಿಗೆ ಹೆಂಡತಿಯೇ ನಾಯಕಿ. ಆಕೆ ಹೆರಿಗೆಯಲ್ಲಿ ತೀರಿಕೊಂಡರು. ನನ್ನ ಗೆಳತಿ ತಾಯಿಯನ್ನು ಕಂಡದ್ದು ಒಂದು ಮದುವೆ ಫೋಟೋದಲ್ಲಿ ಮಾತ್ರ. ಆ ಟಾಕಿಯಲ್ಲಿ ಉಳಿದದ್ದು ಡಬ್ಬಿಯೊಳಗಿನ ಒಂದೇ ರೀಲು. ಮುದುಕರು ಅದನ್ನು ತೆರೆಯಲು ಬಿಡುತ್ತಿರಲಿಲ್ಲ. ನಾವು ನವರಾತ್ರಿಯಲ್ಲಿ ಪುಸ್ತಕ ಇಟ್ಟ ಹಾಗೆ, ಪ್ರತಿ ಮಾಘದಲ್ಲೂ ಡಬ್ಬಿಯನ್ನು ಸರಸ್ವತಿಯ ಮುಂದಿಟ್ಟು, ಹೂವೇರಿಸಿ, ಮತ್ತೆ ಮನೆ ಬೆಚ್ಚಗಿಡುವ ರೇಡಿಯೇಟರ್ ಪಕ್ಕದ ಕಪಾಟಿಗೆ ಸೇರಿಸುವರು. ನಾನೂ ಅದಕ್ಕೆ ಕೈ ಮುಗಿದವಳೇ.

ನನ್ನವರು ಪಾಠ ಮಾಡುತ್ತಿದ್ದ ನ್ಯೂಜೆರ್ಸಿಯ ಕಾಲೇಜಿನಲ್ಲಿ ಹಳೆಯ ಫಿಲ್ಮ್ ಬಲ್ಲ ಅಮೆರಿಕನ್ನನೊಬ್ಬನಿದ್ದ. ಹೊಸ ಪ್ರತಿ ಮಾಡಿ ತೋರಿಸುತ್ತೇನೆ ಅಂದ. ಗೆಳತಿ ವರ್ಷವಿಡೀ ಗೋಗರೆದ ಮೇಲೆ ಮುದುಕರು ಒಪ್ಪಿದರು. ಹಿಮ ಬಿದ್ದಿದ್ದರೂ ಅವಳು ರೇಷ್ಮೆ ಸೀರೆ ಉಟ್ಟು, ಬೂಟು ತೊಟ್ಟು, ಡಬ್ಬಿಯನ್ನು ಮಡಿಲಲ್ಲಿಟ್ಟುಕೊಂಡು ನಮ್ಮ ಕಾರಿನಲ್ಲಿ ತಂದೆಯ ಪಕ್ಕ ಕೂತಳು.

ಅಮೆರಿಕನ್ನ ಮುಚ್ಚಳವನ್ನು ಮೀಟಿ ತೆಗೆದ. ಘಾಟು ಮೂಗಿಗೆ ಬಡಿಯಿತು. ಒಳಗೆ ಫಿಲ್ಮೇ ಇರಲಿಲ್ಲ. ನಶ್ಯದಂಥ ಕಂದು ಪುಡಿ, ಅಷ್ಟೆ! ಶಾಖಕ್ಕೆ, ಗಾಳಿಯಿಲ್ಲದೆ ಹೀಗಾಗಿದೆ, ಆ ಕಾಲದ ಫಿಲ್ಮು ಸಿಡಿಮದ್ದಿನಂತೆ, ತಾನಾಗಿ ಬೆಂಕಿ ಹತ್ತಿ ಮನೆಯೇ ಉರಿದುಹೋಗಬಹುದಿತ್ತು ಎಂದು ಅವನು ಹಿಂದೆ ಸರಿದ.

"ಅಯ್ಯೋ, ಇದನ್ನ ಇಟ್ಕೊಂಡು ಟರ್ನ್‌ಪೈಕ್ ಮೇಲೆ ಡ್ರೈವ್ ಮಾಡ್ಕೊಂಡು ಬಂದ್ವಲ್ಲೇ!" ಎಂದರು ನನ್ನವರು.

ನನಗೆ ಮುದುಕರ ಮೇಲೆ ಮೈಯೆಲ್ಲ ಉರಿಯಿತು. ಹೂವೇರಿಸುವ ಬದಲು ಒಮ್ಮೆ ತೆರೆದು ನೋಡಬಾರದಿತ್ತೇ? ಗೆಳತಿ ತಂದೆಯ ಕಡೆ ತಿರುಗಿದಳು. ನಮ್ಮೆದುರು ತಂದೆ, ಮಗಳು ಮಾತಾಡುತ್ತಿದ್ದದ್ದು ಇಂಗ್ಲಿಷಿನಲ್ಲೇ. ಅವಳು ಮೆಲ್ಲಗೆ ಕೇಳಿದಳು:

"ಬಾಬಾ, ಇದರಲ್ಲಿ ಅಮ್ಮ ಹೇಗೆ ನಡೀತಿದ್ರು? ತೋರಿಸಿ."

ಮುದುಕರು ಎದ್ದರು. ಸೆರಗು ಹಿಡಿದಂತೆ ಕೈ ಮಾಡಿ, ಕತ್ತು ಕೊಂಚ ವಾಲಿಸಿ, ಬಾಗಿಲವರೆಗೆ ನಡೆದು ತಿರುಗಿ ನೋಡಿದರು. ನಾನು ದಂಗಾಗಿಬಿಟ್ಟೆ. ಅಲ್ಲಿ ಒಬ್ಬ ಹೆಣ್ಣುಮಗಳು ನಿಂತಿದ್ದಳು. ಗೆಳತಿಯ ಮುಖ ಅರಳಿತು.

"ಅಮ್ಮ ಹೀಗಾ ಇದ್ದದ್ದು!"

ಮುದುಕರ ಕೈ ಕೆಳಗಿಳಿಯಿತು.

"ಇಲ್ಲ ಮಗಳೇ. ಆಗೆಲ್ಲ ನಿರ್ದೇಶಕನೇ ಮೊದಲು ಮಾಡಿ ತೋರಿಸಬೇಕು. ನಿನ್ನಮ್ಮ ಅದನ್ನೇ ಮಾಡೋಳು. ನಡಿಗೆ, ನಗು ಎಲ್ಲ ನಾನು ಹೇಳಿಕೊಟ್ಟದ್ದು."

"ಮತ್ತೆ ಮನೇಲಿ? ಮನೇಲಿ ಹೇಗೆ ನಡೀತಿದ್ರು?"

ಅವರು ಮತ್ತೆ ಬಾಗಿಲ ಕಡೆ ಒಂದು ಹೆಜ್ಜೆ ಇಟ್ಟು ನಿಂತರು. ಆಮೇಲೆ ಹೇಳಿದರು: "ನಾನು ನೋಡಲಿಲ್ಲ."