ಒಣಗದ ಕೀಲೆಣ್ಣೆ

ಎರಡನೇ ಮಹಾಯುದ್ಧದ ಕಾಲ, ಭತ್ತಕ್ಕೆ ಸರ್ಕಾರದ ಹತೋಟಿ. ಪರ್ಮಿಟ್ಟಿಲ್ಲದೆ ಭತ್ತ ಸಾಗಿಸಿದೆನೆಂದು ನಮ್ಮ ಎತ್ತಿನಗಾಡಿಯನ್ನು ಹಿಡಿದು ಮಳವಳ್ಳಿ ತಾಲ್ಲೂಕು ಕಚೇರಿಯ ಹಿಂದೆ ನಿಲ್ಲಿಸಿದ್ದರು. ಗಾಡಿ ಅಪ್ಪನ ಹೆಸರಲ್ಲಿತ್ತು. ಅಪ್ಪ ತೀರಿಕೊಂಡು ವರ್ಷವಾಗಿತ್ತು. ಸಾವನ್ನು ಶಾನುಭೋಗರ ಹತ್ತಿರ ಬರೆಸಲು ನಾನೇ ಮರೆತಿದ್ದೆ. ಗಾಡಿ ಬಿಡಿಸಿಕೊಡಿ ಎಂದು ಕೋರ್ಟಿಗೆ ಅರ್ಜಿ ಹಾಕಿದೆ.

ವಿಚಾರಣೆಯ ಬೆಳಗ್ಗೆ ಗಾಡಿ ನೋಡಲು ಹೋದರೆ, ಆರು ತಿಂಗಳಿಂದ ಕದಲದ ಚಕ್ರದ ಅಚ್ಚಿನಲ್ಲಿ ಹಸಿ ಕೀಲೆಣ್ಣೆ! ಹರಳೆಣ್ಣೆಗೆ ಹುಲ್ಲಿನ ಬೂದಿ ಕಲಸಿದ್ದು, ಥೇಟ್ ಅಪ್ಪನ ಹದ.

"ಯಾರು ಹಚ್ಚಿದ್ದು?" ಎಂದೆ.

"ಗಾಡಿ ಯಜಮಾನ್ರೇ ದಿನಾ ಬತ್ತಾರಲ್ಲ. ಎಡಗೈಲಿ ಬಳ್ದುಬುಟ್ಟು ಓಯ್ತಾರೆ ಕಣಪ್ಪ," ಎಂದ ಕಾವಲುಗಾರ.

ಅಪ್ಪ ಎಡಚ.

ಕೋರ್ಟಿನಲ್ಲೂ ಅವನು ಪ್ರಮಾಣ ಮಾಡಿ ಅದನ್ನೇ ಹೇಳಿದ. ನ್ಯಾಯಾಧೀಶರು ನನ್ನ ಅರ್ಜಿ ತಳ್ಳಿಹಾಕಿದರು: ದಾಖಲೆಯಲ್ಲೂ ಬದುಕಿರುವ ಮಾಲೀಕರೇ ಬಂದು ಬಿಡಿಸಿಕೊಳ್ಳಲಿ.

ದಿನಾ ಅಷ್ಟು ದೂರ ಬರುವ ಅಪ್ಪ, ಆ ಎಣ್ಣೆಗೈಯಲ್ಲೇ ಬಿಡುಗಡೆ ಕಾಗದಕ್ಕೂ ಒಂದು ಹೆಬ್ಬೆಟ್ಟು ಒತ್ತಿ ಹೋಗಬಾರದೆ?