ಬಳೆ ತೊಡಿಸಲು ಬಂದ ಅವ್ವ

ಒಂದು ಕಡೆ ಕೂರುವ ಜಾಯಮಾನ ನನ್ನದಲ್ಲ. ಟಿವಿ ಹೊಸದಾಗಿ ಬಂದಿದ್ದ ಕಾಲದಲ್ಲಿ ಬೆಂಗಳೂರಿನ ಸ್ಟುಡಿಯೋ ನನಗೆ ಒಗ್ಗಿದ್ದೇ ಅದಕ್ಕೆ. ನಾಟಕ ಬರೆಯುವವಳು ನಾನೇ, ನಟರು ಕೈಕೊಟ್ಟರೆ ಪಾತ್ರ ಮಾಡುವವಳೂ ನಾನೇ. ಬೆಳಿಗ್ಗೆ ಅತ್ತೆ, ಮಧ್ಯಾಹ್ನ ಹುಚ್ಚಿ, ಸಂಜೆ ಪರದೆಯ ಹಿಂದೆ ಅಳುವ ಕೂಸು. ಟೇಪು ದುಬಾರಿಯೆಂದು ಒಂದು ನಾಟಕದ ಮೇಲೆಯೇ ಇನ್ನೊಂದನ್ನು ರೆಕಾರ್ಡ್ ಮಾಡುತ್ತಿದ್ದರು. ನನ್ನ ಆ ಮುಖಗಳಲ್ಲಿ ಒಂದೂ ಉಳಿದಿಲ್ಲ. ನೆನೆದರೆ ಇಂದಿಗೂ ಹೊಟ್ಟೆ ಉರಿಯುತ್ತದೆ.

ಒಮ್ಮೆ ವಿಧವೆಯ ಪಾತ್ರ ಮಾಡಿದೆ. ಪಾವಗಡದಲ್ಲಿ ಅವ್ವ ಪಕ್ಕದ ಮನೆಯ ಟಿವಿಯಲ್ಲಿ ನನ್ನ ಬರಿಗೈ ನೋಡಿದಳು. ಮಾರನೆಯ ದಿನವೇ ಬಸ್ಸು ಹತ್ತಿ ಬಂದು ಸ್ಟುಡಿಯೋ ಬಾಗಿಲಲ್ಲಿ ಹಾಜರ್. ಸೆರಗಿನ ಗಂಟಿನಲ್ಲಿ ಹಸಿರು ಬಳೆ.

"ಆಟಕ್ಕೇ ಆಗ್ಲಿ, ಬಳೆ ತೆಗುದ್ಮೇಲೆ ಹಡೆದೋಳು ಬಂದು ತೊಡುಸ್ಬೇಕು ಕಣಮ್ಮ," ಎಂದಳು.

ಇಂಥ ಶಾಸ್ತ್ರ ಯಾವ ಪುರಾಣದಲ್ಲಿದೆಯೋ ಕಾಣೆ. ಲೈಟಿನವರು ನಕ್ಕರು, ನಾನು ಸಿಡುಕಿದೆ. ಆಮೇಲೆ ಅಂಥ ಪಾತ್ರ ಬಂದಾಗಲೆಲ್ಲ ಅವ್ವನೂ ಬಂದಳು.

ಈ ವರ್ಷ ನನ್ನವರು ತೀರಿಕೊಂಡರು. ನೆಂಟರು ಬಳೆ ತೆಗೆಸಿದರು. ಬೇಡ ಎನ್ನಲು ನನ್ನಲ್ಲಿ ತ್ರಾಣವಿರಲಿಲ್ಲ. ಮಂಡಿನೋವಿನಿಂದ ಹಾಸಿಗೆ ಹಿಡಿದಿದ್ದ ಅವ್ವನಿಗೆ ಮಣ್ಣಿಗೆ ಬರಲಾಗಲಿಲ್ಲ. ಸ್ಟುಡಿಯೋ ಬಿಟ್ಟ ಮೇಲೆ ನಾವಿಬ್ಬರೂ ನೆಲೆಸಿದ್ದ ಮಧುಗಿರಿಯ ಮನೆ ಈಗ ನನ್ನನ್ನು ಹೊರಗೆ ದಬ್ಬತೊಡಗಿತು. ಕೊರಟಗೆರೆಗೆ ಹೋಗಿ ಕಾಫಿ ಕುಡಿದು ವಾಪಸ್ಸು ಬರುತ್ತಿದ್ದೆ. ಶಿರಾಕ್ಕೆ ಹೋಗಿ ಬೇಡದ ಸಾಮಾನು ಹೊತ್ತು ತರುತ್ತಿದ್ದೆ. ಪಾವಗಡದ ಬಸ್ಸನ್ನು ಮಾತ್ರ ಹತ್ತಲಿಲ್ಲ. ನಾಟಕದ ಬರಿಗೈಯನ್ನೇ ತಾಳದವಳಿಗೆ ಇದನ್ನು ಹೇಗೆ ತೋರಿಸಲಿ ಎಂದು ಭಯ.

ಹೋದ ವಾರ ಶಿರಾದಿಂದ ಬಂದರೆ ಅವ್ವ ಜಗುಲಿಯ ಮೇಲೆ ಕೂತಿದ್ದಳು. ನನ್ನ ತಮ್ಮ ಅವಳನ್ನು ಕಾರಿನಲ್ಲಿ ಕರೆತಂದಿದ್ದ. ನಾನು ಕೈಗಳನ್ನು ಸೆರಗಿನೊಳಗೆ ಎಳೆದುಕೊಂಡೆ.

"ಇಟ್ಲಾ ರಾ," ಎಂದು ಪಾವಗಡದ ತೆಲುಗಿನಲ್ಲಿ ಹತ್ತಿರ ಕರೆದಳು. "ಕೈ ಕೊಡಿಲ್ಲಿ," ಎಂದು ಸೆರಗಿನ ಗಂಟು ಬಿಚ್ಚಿದಳು. ಅಂದಿನಂಥವೇ ಹಸಿರು ಬಳೆ.

"ಅವ್ವಾ, ಇದು ನಾಟಕ ಅಲ್ಲ."

"ನಂಗೊತ್ತಿಲ್ವಾ. ಅವ್ನು ಕಟ್ಟಿದ್ದು ತಾಳಿ, ಅದು ಅವ್ನ್ ಜೊತೆಗೋಯ್ತು. ಬಳೆ ತೊಡ್ಸಿದ್ದು ನಾನು. ನಾನಿನ್ನೂ ಇವ್ನಿ."

ಬಳೆ ಗೆಣ್ಣಿನ ಬಳಿ ಸಿಕ್ಕಿಕೊಂಡಿತು. ಅವ್ವ ನನ್ನ ದಪ್ಪ ಕೈಯನ್ನು ಬೈಯುತ್ತ ಕೊಬ್ಬರಿ ಎಣ್ಣೆ ಸವರಿದಳು. ಎರಡೂ ಕೈ ತುಂಬುವ ತನಕ ನಾನು ಅಲ್ಲೇ ಕೂತಿದ್ದೆ. ಏಳಬೇಕು ಅನ್ನಿಸಲೇ ಇಲ್ಲ.